ಶಾತೊ ಗಯ್ಯಾರ್: ಸೇನ್ ನದಿಯ ಮೇಲಿನ ಹಾಳುಕೋಟೆ, ಪದೇ ಪದೇ ಕೇಳುವ ಪ್ರಶ್ನೆಗಳು

ಈ ಕೋಟೆ ಎಲ್ಲಿದೆ? ಕಟ್ಟಿಸಿದವರು ಯಾರು?

ಫ್ರಾನ್ಸಿನ ನಾರ್ಮಂಡಿ ಸೀಮೆಯಲ್ಲಿ, ಪ್ಯಾರಿಸ್‌ನಿಂದ ವಾಯವ್ಯಕ್ಕೆ ಸುಮಾರು 100 ಕಿಲೋಮೀಟರ್ ದೂರದ ಆಂದ್ಲಿ ಊರಿನ ನೆತ್ತಿಯ ಮೇಲಿದೆ. ಕೆಳಗೆ ಸೇನ್ ನದಿ ದೊಡ್ಡದೊಂದು ಬಳಸು ಹಾಕಿ ಹರಿಯುತ್ತದೆ. ನದಿಯ ಮಟ್ಟದಿಂದ ಸುಮಾರು 90 ಮೀಟರ್ ಎತ್ತರದ ಬಿಳಿ ಸುಣ್ಣಕಲ್ಲಿನ ದಿಬ್ಬದ ಮೂತಿಯಲ್ಲಿ ಕೋಟೆ ನಿಂತಿದೆ. ಕಟ್ಟಿಸಿದವನು ಇಂಗ್ಲೆಂಡಿನ ದೊರೆ ಒಂದನೆಯ ರಿಚರ್ಡ್, ಅಂದರೆ ‘ಸಿಂಹಹೃದಯ’ ಎಂದು ಹೆಸರಾದವನು. ಕಾಲ 1196ರಿಂದ 1198.

ಇಂಗ್ಲೆಂಡಿನ ದೊರೆಗೆ ಫ್ರಾನ್ಸಿನಲ್ಲಿ ಏನು ಕೆಲಸ ಅನ್ನುವುದು ಎಲ್ಲರೂ ಕೇಳುವ ಮರುಪ್ರಶ್ನೆ. ಆಗ ನಾರ್ಮಂಡಿಯ ಡ್ಯೂಕ್ ಕೂಡ ಅವನೇ. ಇಂಗ್ಲೆಂಡಿನಲ್ಲಿ ಅವನು ಯಾರಿಗೂ ತಲೆಬಾಗಬೇಕಿರಲಿಲ್ಲ, ನಾರ್ಮಂಡಿಯ ಮಟ್ಟಿಗೆ ಮಾತ್ರ ಫ್ರಾನ್ಸಿನ ದೊರೆ ಎರಡನೆಯ ಫಿಲಿಪ್‌ನ ಸಾಮಂತ. ತನ್ನ ಒಡೆಯನಿಗಿಂತ ಹೆಚ್ಚು ಭೂಮಿ, ಹೆಚ್ಚು ಹಣ ಇದ್ದ ಸಾಮಂತ. ಜಗಳಕ್ಕೆ ಬೇರೆ ಕಾರಣ ಬೇಕಿರಲಿಲ್ಲ.

ಹೆಸರಿನ ಅರ್ಥವೇನು?

‘ಶಾತೊ’ ಎಂದರೆ ಕೋಟೆ. ‘ಗಯ್ಯಾರ್’ ಎಂಬುದಕ್ಕೆ ಗಟ್ಟಿಗ, ಜಗ್ಗದವ, ಸ್ವಲ್ಪ ಮಟ್ಟಿಗೆ ತುಂಟ ಎಂಬ ಛಾಯೆಗಳೆಲ್ಲ ಇವೆ. ‘ಎದೆಸೆಟೆಸಿದ ಕೋಟೆ’ ಎಂದರೆ ಹತ್ತಿರ ಬಂದೀತು. ರಿಚರ್ಡನ ಕಾಲದ ಲ್ಯಾಟಿನ್ ಕಾಗದಗಳಲ್ಲಿ ಇದಕ್ಕಿದ್ದ ಹೆಸರು ‘ಬಂಡೆಯ ಚೆಲುವುಕೋಟೆ’.

ಅಷ್ಟೊಂದು ಜಾಗವಿರುವಾಗ ಇಲ್ಲೇ ಯಾಕೆ ಕಟ್ಟಿದ?

ನಾರ್ಮಂಡಿಯ ರಾಜಧಾನಿ ರುವಾನ್. ಪ್ಯಾರಿಸ್ ಮತ್ತು ರುವಾನ್ ಎರಡೂ ಒಂದೇ ನದಿಯ ದಂಡೆಯ ಊರುಗಳು. ಫಿಲಿಪ್‌ನ ಸೈನ್ಯ ರುವಾನ್‌ಗೆ ಬರಬೇಕಾದರೆ ಸೇನ್ ಕಣಿವೆಯೇ ಹೆದ್ದಾರಿ. ಮೊದಲು ಆ ದಾರಿಯನ್ನು ಪೂರ್ವದಲ್ಲಿದ್ದ ಜಿಸೋರ್ ಎಂಬ ಕೋಟೆ ಕಾಯುತ್ತಿತ್ತು. ರಿಚರ್ಡ್ ಧರ್ಮಯುದ್ಧದಿಂದ (ಕ್ರುಸೇಡ್) ಮರಳುವಾಗ ಆಸ್ಟ್ರಿಯದಲ್ಲಿ ಸೆರೆಸಿಕ್ಕ. ಅವನು ಸೆರೆಯಲ್ಲಿದ್ದಾಗಲೇ, 1193ರಲ್ಲಿ, ಫಿಲಿಪ್ ಜಿಸೋರನ್ನು ನುಂಗಿಹಾಕಿದ. ಬಿಡುಗಡೆಯಾಗಿ ಬಂದ ರಿಚರ್ಡ್ ಎರಡು ವರ್ಷ ಕಾದಾಡಿದರೂ 1196ರ ಜನವರಿಯ ಲೂವಿಯೇ ಒಪ್ಪಂದದಲ್ಲಿ ಜಿಸೋರ್ ಫಿಲಿಪ್‌ನ ಪಾಲಿಗೇ ಉಳಿಯಿತು. ಗಡಿಗೆ ಬಾಗಿಲೇ ಇಲ್ಲದಂತಾಯಿತು. ಹೊಸ ಬಾಗಿಲಿಗೆ ಆಂದ್ಲಿಯಷ್ಟು ಒಳ್ಳೆಯ ಹೊಸ್ತಿಲು ಇನ್ನೊಂದಿರಲಿಲ್ಲ. ನದಿಯ ಕಡೆ ಕಡಿದಾದ ಬಂಡೆ, ಬದಿಗಳಲ್ಲಿ ಕೊರಕಲು. ದಿಬ್ಬದ ಬೆನ್ನಿನ ಕಡೆಯಿಂದ, ಅಂದರೆ ಆಗ್ನೇಯದಿಂದ ಮಾತ್ರ ಸುಲಭವಾಗಿ ಹತ್ತಿರ ಬರಬಹುದು.

ಒಂದು ಮಾತು ಗಮನಿಸಿ. ಇದು ಬರೀ ಕಾವಲಿನ ಕೋಟೆಯಲ್ಲ, ಕಳೆದುಕೊಂಡ ಸೀಮೆಯನ್ನು ಮರಳಿ ಕಿತ್ತುಕೊಳ್ಳಲು ಮಾಡಿಕೊಂಡ ನೆಲೆ. ಕೋಟೆಯ ಚರಿತ್ರೆಯನ್ನು ಸೋಲಿನ ಕಡೆಯಿಂದಲೇ ಓದುವವರು ಇದನ್ನು ಮರೆಯುತ್ತಾರೆ. ರಿಚರ್ಡ್ ಬದುಕಿದ್ದಷ್ಟು ದಿನ ಅದು ಆ ಕೆಲಸವನ್ನು ಚೆನ್ನಾಗಿಯೇ ಮಾಡಿತು.

ಜಾಗ ರಿಚರ್ಡನದೇ ಆಗಿತ್ತೆ?

ಅಲ್ಲ. ಆಂದ್ಲಿ ರುವಾನ್‌ನ ಆರ್ಚ್‌ಬಿಷಪ್ ವಾಲ್ಟರ್ ಡಿ ಕುಟಾನ್ಸ್‌ನ ಜಹಗೀರು. ಮೇಲಾಗಿ ಅಲ್ಲಿ ಯಾರೂ ಕೋಟೆ ಕಟ್ಟಕೂಡದೆಂದು ಲೂವಿಯೇ ಒಪ್ಪಂದದಲ್ಲೇ ಬರೆದಿತ್ತು. ರಿಚರ್ಡ್ ಕೊಳ್ಳಲು ನೋಡಿದ, ಮಾತು ಕುದುರಲಿಲ್ಲ. ಸುಮ್ಮನೆ ಹೋಗಿ ಅಡಿಪಾಯ ತೋಡಿಸಿದ. ಆರ್ಚ್‌ಬಿಷಪ್ ಇಡೀ ನಾರ್ಮಂಡಿಯ ಮೇಲೆ ಧಾರ್ಮಿಕ ನಿಷೇಧ ಹೇರಿದ. ಪೂಜೆಯಿಲ್ಲ, ಸತ್ತವರಿಗೆ ಸಂಸ್ಕಾರವಿಲ್ಲ. ಹೆಣಗಳು ಬೀದಿಯಲ್ಲಿ ಹೂಳದೆ ಬಿದ್ದಿದ್ದವೆಂದು ಆ ಕಾಲದವರು ಬರೆದಿದ್ದಾರೆ. ಗೋಡೆ ಮಾತ್ರ ಏಳುತ್ತಲೇ ಇತ್ತು. ವ್ಯಾಜ್ಯ ಪೋಪ್ ಮೂರನೆಯ ಸೆಲೆಸ್ಟೀನ್‌ವರೆಗೂ ಹೋಗಿ, 1197ರ ಏಪ್ರಿಲ್‌ನಲ್ಲಿ ನಿಷೇಧ ತೆರವಾಯಿತು. ಅದೇ ಅಕ್ಟೋಬರಿನಲ್ಲಿ ಆರ್ಚ್‌ಬಿಷಪ್‌ಗೆ ಬದಲಿಗೆ ದಿಯೆಪ್ ಬಂದರು, ಲೂವಿಯೇ ಊರು, ರುವಾನ್‌ನ ಗಿರಣಿಗಳು ಮುಂತಾದವು ಸಿಕ್ಕವು. ಲೆಕ್ಕ ಹಾಕಿದರೆ ಆರ್ಚ್‌ಬಿಷಪ್‌ಗೆ ನಷ್ಟವೇನೂ ಆಗಲಿಲ್ಲ.

ಎರಡೇ ವರ್ಷದಲ್ಲಿ ಇಂಥ ಕೋಟೆ ಹೇಗೆ ಮುಗಿಯಿತು? ಎಷ್ಟು ಖರ್ಚಾಯಿತು?

ಸುಮಾರು 12,000 ಪೌಂಡು. ಇಂದಿನ ರೂಪಾಯಿಗೆ ಪರಿವರ್ತಿಸಿ ಹೇಳಿ ಎಂದು ಕೇಳುವವರಿದ್ದಾರೆ. ಅಂಥ ಪರಿವರ್ತನೆಗೆ ಅರ್ಥವಿಲ್ಲ, ಹೋಲಿಕೆಯೇ ವಾಸಿ. ರಿಚರ್ಡ್ ತನ್ನ ಆಳ್ವಿಕೆ ಉದ್ದಕ್ಕೂ ಇಂಗ್ಲೆಂಡಿನ ಎಲ್ಲ ಕೋಟೆಗಳಿಗೆ ಸೇರಿ ಮಾಡಿದ ಖರ್ಚು ಸುಮಾರು 7,000 ಪೌಂಡು. ಅವನ ಅಪ್ಪ ಎರಡನೆಯ ಹೆನ್ರಿ ಡೋವರ್ ಕೋಟೆಗೆ ಹತ್ತು ವರ್ಷಕ್ಕೂ ಮಿಕ್ಕಿ ಸುರಿದದ್ದೂ ಹೆಚ್ಚುಕಡಿಮೆ ಅಷ್ಟೇ.

ಆ 12,000 ಬೆಟ್ಟದ ಮೇಲಿನ ಕೋಟೆಯೊಂದರ ಲೆಕ್ಕವಲ್ಲ ಎಂಬುದನ್ನು ಅನೇಕ ಬರಹಗಳು ಬಿಟ್ಟುಬಿಡುತ್ತವೆ. ಕೆಳಗೆ ಗೋಡೆ ಸುತ್ತಿದ ಹೊಸ ಪೇಟೆ (ಇಂದಿನ ಪೆತಿ ಆಂದ್ಲಿ), ನದಿಯ ನಡುಗಡ್ಡೆಯಲ್ಲೊಂದು ಚಿಕ್ಕ ಕೋಟೆ, ಸೇತುವೆಗಳು, ಶತ್ರುದೋಣಿಗಳನ್ನು ತಡೆಯಲು ನೀರಿಗೆ ಅಡ್ಡವಾಗಿ ಸಾಲುಸಾಲು ನೆಟ್ಟ ಮರದ ಗೂಟಗಳು ಎಲ್ಲವೂ ಅದರೊಳಗೇ ಸೇರಿವೆ. ಬೆಟ್ಟ, ಪೇಟೆ, ನಡುಗಡ್ಡೆ ಮೂರೂ ಕೂಡಿದರೇ ಆ ವ್ಯವಸ್ಥೆ ಪೂರ್ಣ. ಮುಂದೆ ಮುತ್ತಿಗೆಯಲ್ಲಿ ಅದು ಕಳಚಿಕೊಂಡದ್ದೂ ಒಂದೊಂದು ಕೊಂಡಿಯಾಗಿಯೇ.

ನಾರ್ಮಂಡಿಯ ಖಜಾನೆಯ ಲೆಕ್ಕದ ಸುರುಳಿಗಳಲ್ಲಿ ಕೂಲಿ ಪಡೆದವರ ಬಗೆಗಳಿವೆ: ಗಣಿಯಲ್ಲಿ ಕಲ್ಲು ಎಬ್ಬಿಸುವವರು, ಕಲ್ಲುಕುಟಿಗರು, ಬಡಗಿಗಳು, ಕಮ್ಮಾರರು, ಸುಣ್ಣ ಸುಡುವವರು, ಮರ ಕಡಿಯುವವರು, ಗಾರೆ ಹೊರುವವರು, ಗಾಡಿಯವರು, ಇವರನ್ನೆಲ್ಲ ಕಾಯುವ ಸಿಪಾಯಿಗಳು. ಒಬ್ಬ ಮುಖ್ಯ ಶಿಲ್ಪಿಯ ಹೆಸರು ಮಾತ್ರ ಎಲ್ಲೂ ಇಲ್ಲ. ಹಾಗಾಗಿ ನಕ್ಷೆ ಹಾಕಿ ಮೇಲ್ವಿಚಾರಣೆ ಮಾಡಿದವನು ರಿಚರ್ಡನೇ ಇರಬೇಕೆಂದು ಬಹಳ ಇತಿಹಾಸಕಾರರು ನಂಬುತ್ತಾರೆ. ಅವನು ಅಲ್ಲಿ ಬಿಡಾರ ಹೂಡಿದ್ದಂತೂ ನಿಜ. ಕೊನೆಯ ಎರಡು ವರ್ಷ ಅವನ ಅಚ್ಚುಮೆಚ್ಚಿನ ಮನೆ ಅದೇ.

ವೇಗಕ್ಕೆ ಇನ್ನೊಂದು ಕಾರಣ ಕಲ್ಲು. ದಿಬ್ಬವೇ ಸೀಮೆಸುಣ್ಣದಂಥ ಮೆದು ಬಿಳಿಕಲ್ಲು, ನಡುನಡುವೆ ಚಕಮಕಿ ಕಲ್ಲಿನ ಗಂಟುಗಳು. ಕಂದಕ ತೋಡಿದಾಗ ಬಂದ ಕಲ್ಲೇ ಗೋಡೆಯ ಹೊಟ್ಟೆಗೆ ತುಂಬಲು ಸಾಕು. ಸುಣ್ಣ ಸುಡಲು ಕಲ್ಲು ಹುಡುಕಿಕೊಂಡು ಹೋಗಬೇಕಿಲ್ಲ. ಆದರೆ ಬೇಗ ಕಡಿಯಲು ಬರುವ ಕಲ್ಲು ಶತ್ರುವಿಗೂ ಬೇಗ ಕಡಿಯಲು ಬರುತ್ತದೆ. ನಮ್ಮ ಚಿತ್ರದುರ್ಗದ ಕಣಶಿಲೆಯ ಬಂಡೆಯಲ್ಲಿ ಸುರಂಗ ತೋಡುತ್ತೇನೆಂದು ಹೊರಟವನ ಉಳಿ ಮುರಿದೀತು. ಇಲ್ಲಿ ಗುದ್ದಲಿಯೇ ಸಾಕು.

ಕೋಟೆಯ ಭಾಗಗಳನ್ನು ಹೇಗೆ ಗುರುತಿಸುವುದು?

ಹೊರಕೋಟೆ, ನಡುಕೋಟೆ, ಒಳಕೋಟೆ ಎಂದು ಮೂರು. ಒಂದರೊಳಗೊಂದು ಗೂಡಿನಂತೆ ಪೂರ್ತಿ ಅಡಕವಾಗಿಲ್ಲ, ದಿಬ್ಬದ ಉದ್ದಕ್ಕೆ ಸಾಲಾಗಿ ಬರುತ್ತವೆ. ಕೊನೆಯದು ಮಾತ್ರ ನಡುಕೋಟೆಯ ಒಳಗಿದೆ.

ಹೊರಕೋಟೆ ಆಗ್ನೇಯದ ತುದಿಯಲ್ಲಿದೆ. ಶತ್ರು ಬರುವ ಏಕೈಕ ದಾರಿಗೆ ಎದುರಾಗಿ ಈಟಿಯ ಮೊನೆಯಂತೆ ಚೂಪಾಗಿದೆ. ಐದು ಬುರುಜುಗಳಿದ್ದವು, ಈಗ ಮೂರರ ಅವಶೇಷ ಉಳಿದಿದೆ. ಇದನ್ನೂ ನಡುಕೋಟೆಯನ್ನೂ ಬಂಡೆಯಲ್ಲಿ ಕೊರೆದ ಕಂದಕ ಬೇರೆ ಮಾಡುತ್ತದೆ. ನಡುವೆ ದಾಟಲು ಸೇತುವೆ ಇತ್ತು. ಹೊರಕೋಟೆ ಬಿದ್ದರೂ ಉಳಿದದ್ದು ಬೀಳಬಾರದೆಂಬ ಲೆಕ್ಕಾಚಾರ ಅದು.

ನಡುಕೋಟೆಯಲ್ಲಿ ಬಾವಿ, ಬಂಡೆ ಕೊರೆದು ಮಾಡಿದ ನೆಲಮಾಳಿಗೆಗಳು, ಪ್ರಾರ್ಥನಾಮಂದಿರ, ಕಕ್ಕಸುಗಳು ಇದ್ದವು. ಅವಶೇಷ ಕಡಿಮೆ, ಕಥೆ ಹೆಚ್ಚು. ಆ ಕಥೆ ಮುಂದಿದೆ.

ಒಳಕೋಟೆಯ ಗೋಡೆ ಎಲ್ಲರ ಕಣ್ಣು ಸೆಳೆಯುತ್ತದೆ. ನೇರ ಗೋಡೆಯೇ ಅಲ್ಲ. ಅರ್ಧಚಂದ್ರದಂಥ ಉಬ್ಬುಗಳನ್ನು ಒತ್ತೊತ್ತಾಗಿ ಜೋಡಿಸಿದಂತೆ, ತಗಡಿನ ಹೆಂಚಿನ ಅಲೆಗಳಂತೆ ಹೋಗುತ್ತದೆ. ಅಂದಕ್ಕಾಗಿ ಮಾಡಿದ್ದಲ್ಲ. ಕವಣೆಯಂತ್ರದ ಗುಂಡು ಚಪ್ಪಟೆ ಗೋಡೆಗೆ ಬಿದ್ದರೆ ಪೂರ್ತಿ ಪೆಟ್ಟು ತಾಗುತ್ತದೆ, ಉಬ್ಬಿಗೆ ಬಿದ್ದರೆ ಓರೆಯಾಗಿ ಜಾರುತ್ತದೆ. ಚೌಕ ಬುರುಜಿನ ಮೂಲೆ ಸುರಂಗದವರಿಗೆ ಅಚ್ಚುಮೆಚ್ಚು, ಏಕೆಂದರೆ ಮೂಲೆಯ ಬುಡ ಹೋದರೆ ಎರಡೂ ಬದಿ ಕುಸಿಯುತ್ತವೆ. ಇಲ್ಲಿ ಮೂಲೆಯೇ ಇಲ್ಲ. ಗೋಡೆಯ ಬುಡದಲ್ಲಿ ಅವಿತು ನಿಲ್ಲಲು ಬಿಲ್ಲುಗಾರನ ಕಣ್ಣಿಗೆ ಬೀಳದ ಸಂದು ಕೂಡ ಸಿಗುವುದಿಲ್ಲ.

ಇನ್ನು ಎಲ್ಲಕ್ಕೂ ಒಳಗಿನ ಬುರುಜು. ಫ್ರೆಂಚರು ಇದನ್ನು ‘ದೊಂಜೋನ್’ ಎನ್ನುತ್ತಾರೆ. ನಮ್ಮ ದುರ್ಗಗಳಲ್ಲಿ ಇದಕ್ಕೆ ಸರಿಸಾಟಿ ಇಲ್ಲವಾದ್ದರಿಂದ ನಡುಬುರುಜು ಎಂದಿಟ್ಟುಕೊಳ್ಳೋಣ. ಒಳಗೆ ಸುಮಾರು 8 ಮೀಟರ್ ಅಡ್ಡಳತೆಯ ದುಂಡು ಕೋಣೆ. ಹೊರಗಿನಿಂದ ಮಾತ್ರ ಒಂದು ಮಗ್ಗುಲಿಗೆ ಹಡಗಿನ ಮೂತಿಯಂತೆ ಚಾಚಿಕೊಂಡಿದೆ. ದಾಳಿ ಬರಬಹುದಾದ ಕಡೆಗೆ ಗೋಡೆಯ ದಪ್ಪ ಹೆಚ್ಚಿಸುವ ಉಪಾಯ ಇದು. ಬುಡ ಇಳಿಜಾರಾಗಿದೆ, ಮೇಲಿನಿಂದ ಎತ್ತಿಹಾಕಿದ ಕಲ್ಲು ಅದಕ್ಕೆ ಬಡಿದು ಶತ್ರುವಿನ ಕಡೆಗೆ ಪುಟಿಯುತ್ತದೆ. ಗೋಡೆಯ ಮೇಲೆ ತಲೆಕೆಳಗಾದ ಬೆಣೆಗಳಂಥ ಆಸರೆಗಳು ಕಾಣುತ್ತವೆ, ಮೇಲೆ ಹೋದಂತೆ ಅಗಲ. ಅವುಗಳ ನಡುವೆ ಕಮಾನು ಕಟ್ಟಿ, ಕಮಾನಿಗೂ ಗೋಡೆಗೂ ನಡುವೆ ಬಿಟ್ಟ ಸಂದಿನಿಂದ ಕೆಳಗಿದ್ದವರ ತಲೆಯ ಮೇಲೆ ಕಲ್ಲು ಸುರಿಯಲು ಬರುತ್ತಿತ್ತು. ಯುರೋಪಿನಲ್ಲಿ ಈ ಏರ್ಪಾಟನ್ನು ಮರದ ಬದಲು ಕಲ್ಲಿನಲ್ಲಿ ಮಾಡಿದ ತೀರ ಮೊದಲ ಉದಾಹರಣೆಗಳಲ್ಲಿ ಇದೊಂದು. ಮೇಲಿನ ಅಂತಸ್ತು ಈಗಿಲ್ಲ, ಕಮಾನುಗಳೂ ಇಲ್ಲ. ಬೆಣೆಗಳನ್ನು ನೋಡಿ ಉಳಿದದ್ದನ್ನು ಊಹಿಸಿಕೊಳ್ಳಬೇಕು.

ಕಬ್ಬಿಣ ಮತ್ತು ಬೆಣ್ಣೆಯ ಮಾತು ನಿಜವೇ?

ಗೋಡೆ ಕಬ್ಬಿಣದ್ದಾದರೂ ಹಿಡಿಯುತ್ತೇನೆ ಎಂದು ಫಿಲಿಪ್, ಬೆಣ್ಣೆಯದಾದರೂ ಉಳಿಸಿಕೊಳ್ಳುತ್ತೇನೆ ಎಂದು ರಿಚರ್ಡ್ ಅಂದರಂತೆ. ಆ ಕಾಲದವನೇ ಆದ ಜೆರಾಲ್ಡ್ ಆಫ್ ವೇಲ್ಸ್ ಇದನ್ನು ಬರೆದಿಟ್ಟಿದ್ದಾನೆ, ಆದರೆ ಅವನಿಗೆ ಒಳ್ಳೆಯ ಮಾತೆಂದರೆ ಬಾಯಿ ನೀರೂರುತ್ತಿತ್ತು. ಮುಗಿದ ಕೋಟೆಯನ್ನು ನೋಡಿ ‘ನನ್ನ ಒಂದು ವರ್ಷದ ಮಗಳು ಎಷ್ಟು ಚೆಂದ’ ಎಂದು ರಿಚರ್ಡ್ ಉದ್ಗರಿಸಿದನೆಂಬುದು ಇನ್ನೂ ಸಡಿಲ ಕಥೆ, ಅದನ್ನು ಚರಿತ್ರೆ ಎಂದು ಹೇಳಿಕೊಂಡು ಓಡಾಡಬೇಡಿ.

ರಕ್ತದ ಮಳೆ ಸುರಿಯಿತಂತೆ?

1198ರ ಮೇ ತಿಂಗಳಲ್ಲಿ, ರಿಚರ್ಡ್ ಕೆಲಸ ನೋಡುತ್ತ ನಿಂತಿದ್ದಾಗ ಕೆಂಪು ಮಳೆ ಬಂತೆಂದೂ, ಸುತ್ತಲಿನವರು ಅಪಶಕುನವೆಂದು ಬೆದರಿದರೂ ಅವನು ಕೆಲಸ ನಿಲ್ಲಿಸಲಿಲ್ಲವೆಂದೂ ಆ ಕಾಲದ ಇಂಗ್ಲಿಷ್ ಚರಿತ್ರೆಕಾರ ವಿಲಿಯಂ ಆಫ್ ನ್ಯೂಬರ್ಗ್ ಬರೆದಿದ್ದಾನೆ. ಸಹಾರಾ ಮರುಭೂಮಿಯ ಕೆಂಧೂಳು ಗಾಳಿಯಲ್ಲಿ ತೇಲಿಬಂದು ಮಳೆಯ ಜೊತೆ ಇಳಿಯುವುದು ಪಶ್ಚಿಮ ಯುರೋಪಿನಲ್ಲಿ ಇಂದಿಗೂ ಆಗುತ್ತದೆ.

ರಿಚರ್ಡ್ ಈ ಕೋಟೆಯಲ್ಲೇ ಸತ್ತನೆ?

ಇಲ್ಲ. ದಕ್ಷಿಣದ ಶಾಲೂ ಎಂಬಲ್ಲಿ ಒಂದು ಚಿಕ್ಕ ಕೋಟೆಯ ಮುತ್ತಿಗೆಯಲ್ಲಿ ಅಡ್ಡಬಿಲ್ಲಿನ ಬಾಣ ತಾಗಿ, ಗಾಯ ಕೊಳೆತು, 1199ರ ಏಪ್ರಿಲ್ 6ರಂದು ಸತ್ತ. ಕೋಟೆ ಅವನ ತಮ್ಮ ಜಾನ್‌ನ ಕೈಗೆ ಬಂತು.

1203-04ರ ಮುತ್ತಿಗೆ ಹೇಗೆ ನಡೆಯಿತು?

1202ರಲ್ಲಿ ಫಿಲಿಪ್, ಜಾನ್‌ನ ಫ್ರೆಂಚ್ ಭೂಮಿಯೆಲ್ಲ ಜಪ್ತಿ ಎಂದು ಸಾರಿದ. ಮರುವರ್ಷ ಬೇಸಿಗೆಯ ಕೊನೆಗೆ ಆಂದ್ಲಿಗೆ ಬಂದ. ಕೋಟೆಯೊಳಗಿನ ದಂಡನಾಯಕ ರೋಜರ್ ಡಿ ಲೇಸಿ. ನಮಗೆ ಗೊತ್ತಿರುವ ವಿವರದ ಬಹುಪಾಲು ಫಿಲಿಪ್‌ನ ಪಾದ್ರಿ ಗಿಯೋಮ್ ಲ ಬ್ರೆತೋನ್ ಬರೆದದ್ದು. ಕಣ್ಣಾರೆ ಕಂಡವನು, ಆದರೆ ಗೆದ್ದವರ ಕಡೆಯವನು. ಈ ಎರಡನ್ನೂ ನೆನಪಿಟ್ಟುಕೊಂಡು ಓದಬೇಕು.

ಮೊದಲು ನದಿ. ಫಿಲಿಪ್‌ನ ಕಡೆಯ ಈಜುಗಾರರು ನೀರಿನ ಗೂಟದ ಬೇಲಿಯನ್ನು ಕಡಿದು ದಾರಿ ಮಾಡಿದರು. ದೋಣಿಗಳನ್ನು ಜೋಡಿಸಿ ಸೇತುವೆ ಕಟ್ಟಿದರು. ಜಾನ್ ನೆರವು ಕಳಿಸಿದ. ವಿಲಿಯಂ ಮಾರ್ಷಲ್‌ನ ಮುಂದಾಳ್ತನದಲ್ಲಿ ದಂಡೆಯ ಮೇಲೆ ಸೈನ್ಯ, ನೀರಿನಲ್ಲಿ ದಿನಸಿ ತುಂಬಿದ ದೋಣಿಗಳು, ಕತ್ತಲಲ್ಲಿ ಎರಡೂ ಒಟ್ಟಿಗೆ ಬಂದು ಬೀಳಬೇಕೆಂಬುದು ಹಂಚಿಕೆ. ಕಾಗದದ ಮೇಲೆ ಚೊಕ್ಕ ಉಪಾಯ. ದೋಣಿಗಳು ಪ್ರವಾಹಕ್ಕೆ ಎದುರಾಗಿ ಹುಟ್ಟು ಹಾಕಬೇಕಿತ್ತು, ನೀರಿನ ಸೆಳೆತದ ಲೆಕ್ಕ ತಪ್ಪಿತು. ಸೈನ್ಯ ಮೊದಲು ಬಂದು ಒಂಟಿಯಾಗಿ ಹೊಡೆದಾಡಿ ಸೋತಿತು. ದೋಣಿಗಳು ತಡವಾಗಿ ಬಂದು ಒಂಟಿಯಾಗಿಯೇ ಸೋತವು. ಆಮೇಲೆ ನಡುಗಡ್ಡೆಯ ಕೋಟೆಗೆ ಗೋಬೆರ್ ಎಂಬ ಈಜುಗಾರ ಕೆಂಡ ತುಂಬಿ ಬಾಯಿ ಮುಚ್ಚಿದ ಗಡಿಗೆಗಳನ್ನು ಒಯ್ದು ಬೆಂಕಿ ಇಟ್ಟನೆಂದು ಗಿಯೋಮ್ ಹೇಳುತ್ತಾನೆ. ನಡುಗಡ್ಡೆ ಬಿತ್ತು, ಪೇಟೆಯೂ ಬಿತ್ತು. ಪೇಟೆಯ ಜನ ಬೆಟ್ಟ ಹತ್ತಿ ಕೋಟೆಯೊಳಗೆ ಸೇರಿಕೊಂಡರು.

ಆ ಜನ 1,400ರಿಂದ 2,200ರಷ್ಟು ಇದ್ದರೆಂದು ಅಂದಾಜು. ಕಾಳು ಕೂಡಿಟ್ಟದ್ದು ಕೆಲವೇ ನೂರು ಸಿಪಾಯಿಗಳಿಗೆ. ಫಿಲಿಪ್ ದಿಬ್ಬದ ಸುತ್ತ ಎರಡು ಸಾಲು ಅಗಳು ತೋಡಿಸಿ, ಮರದ ಕಾವಲು ಗೋಪುರ ನಿಲ್ಲಿಸಿ, ಚಳಿಗಾಲಕ್ಕೆ ಗುಡಿಸಲು ಹಾಕಿಸಿ ಕೂತುಬಿಟ್ಟ.

ಕೋಟೆಯಿಂದ ಹೊರದಬ್ಬಿದ ಜನರಿಗೆ ಏನಾಯಿತು?

ಡಿ ಲೇಸಿ ಮೊದಲು ಮುದುಕರು, ನಿಶ್ಶಕ್ತರನ್ನು ಆರಿಸಿ ಸುಮಾರು 500 ಜನರನ್ನು ಹೊರಗೆ ಕಳಿಸಿದ. ಫ್ರೆಂಚರು ದಾರಿ ಬಿಟ್ಟರು. ಕೆಲದಿನಗಳ ಮೇಲೆ ಇನ್ನೊಂದು 500 ಜನ ಹಾಗೆಯೇ ದಾಟಿ ಹೋದರು. ಸುದ್ದಿ ತಿಳಿದ ಫಿಲಿಪ್ ಇನ್ನು ಯಾರನ್ನೂ ಬಿಡಬೇಡಿ ಎಂದ. ತಿನ್ನುವ ಬಾಯಿ ಒಳಗೆ ಹೆಚ್ಚಿದ್ದಷ್ಟೂ ಕೋಟೆ ಬೇಗ ಬೀಳುತ್ತದೆ ಎಂಬುದು ಅವನ ಲೆಕ್ಕ. ಮೂರನೆಯ ಗುಂಪು ಹೊರಗೆ ಬಂದಾಗ ಎದುರಿನಿಂದ ಬಾಣ ಬಿತ್ತು. ತಿರುಗಿ ಓಡಿಬಂದರೆ ಕೋಟೆಯ ಬಾಗಿಲು ಮುಚ್ಚಿತ್ತು.

ಚಳಿಗಾಲವಿಡೀ ಅವರು ಎರಡೂ ಕಡೆಯ ನಡುವಿನ ಇಳಿಜಾರಿನಲ್ಲಿ, ಬಂಡೆಯ ಸಂದುಗಳಲ್ಲಿ ಇದ್ದರು. ಸೊಪ್ಪು ಸದೆ ತಿಂದರು. ಕೋಟೆಯಿಂದ ಹೊರಗಟ್ಟಿದ ನಾಯಿಗಳನ್ನು ತಿಂದರು. ಅರ್ಧಕ್ಕೂ ಹೆಚ್ಚು ಜನ ಹಸಿವಿನಿಂದ, ಚಳಿಯಿಂದ ಸತ್ತರು. ಫೆಬ್ರವರಿಯಲ್ಲಿ ಫಿಲಿಪ್ ಮತ್ತೆ ಬಂದಾಗ ಸೇತುವೆಯ ಮೇಲಿದ್ದ ಅವನನ್ನು ಕಂಡು ಕೂಗಿಕೊಂಡರು, ಆಗ ಉಣ್ಣಲು ಕೊಟ್ಟು ಬಿಡಲು ಹೇಳಿದ. ಉಂಡವರಲ್ಲೂ ಬಹಳ ಜನ ಉಳಿಯಲಿಲ್ಲ. ತಿಂಗಳುಗಟ್ಟಲೆ ಒಣಗಿದ ಹೊಟ್ಟೆಗೆ ಒಮ್ಮೆಲೇ ಅನ್ನ ಬಿದ್ದರೆ ದೇಹದ ಲವಣಗಳು ಏರುಪೇರಾಗಿ ಹೃದಯ ನಿಲ್ಲಬಹುದೆಂದು ಇಂದಿನ ವೈದ್ಯರಿಗೆ ಗೊತ್ತು, ಅಂದು ಯಾರಿಗೂ ಗೊತ್ತಿರಲಿಲ್ಲ. ಡಿ ಲೇಸಿಯ ಶೌರ್ಯವನ್ನು ಹೊಗಳುವ ಬರಹಗಳು ಬಾಗಿಲು ಮುಚ್ಚಿದವನೂ ಅವನೇ ಎಂಬುದನ್ನು ಒಂದು ಸಾಲಿನಲ್ಲಿ ದಾಟಿಸುತ್ತವೆ.

ಕೊನೆಗೆ ಕೋಟೆ ಒಳಗೆ ನುಗ್ಗಿದ್ದು ಹೇಗೆ? ಕಕ್ಕಸಿನ ಕೊಳವೆಯಿಂದ ಹತ್ತಿದರಂತೆ?

ಮೂರು ಕೋಟೆಗೆ ಮೂರು ಬಗೆ.

ಹೊರಕೋಟೆಯ ಮೂತಿಯ ಬುರುಜಿನ ಎದುರು ನೆಲ ಸಮಮಾಡಿ, ಕಂದಕ ತುಂಬಲು ಶುರುಮಾಡಿದರು. ಪೂರ್ತಿ ತುಂಬುವ ತನಕ ತಾಳ್ಮೆ ಉಳಿಯಲಿಲ್ಲ, ಏಣಿ ಇಳಿಸಿ ಆಚೆ ಬದಿಗೆ ಒರಗಿಸಿದರು. ಏಣಿ ಗಿಡ್ಡವಾಯಿತು. ಮೆದು ಕಲ್ಲಿಗೆ ಕತ್ತಿ, ಕಠಾರಿ ಚುಚ್ಚಿ ಹಿಡಿಕೆ ಮಾಡಿಕೊಂಡು ಬುರುಜಿನ ಬುಡಕ್ಕೆ ಹತ್ತಿದರು. ತಲೆಯ ಮೇಲೆ ಗುರಾಣಿ ಹಿಡಿದು ಬುಡ ಕೊರೆದು, ಕೊರೆದಂತೆಲ್ಲ ಮರದ ಕಂಬದ ಆಸರೆ ಕೊಟ್ಟು, ಕೊನೆಗೆ ಆ ಕಂಬಗಳಿಗೆ ಬೆಂಕಿ ಇಟ್ಟರು. ಕಂಬ ಸುಟ್ಟಿತು, ಬುರುಜಿನ ಒಂದು ಭಾಗ ಕುಸಿಯಿತು. ಕಾವಲಿನವರು ಉಳಿದದ್ದಕ್ಕೆ ತಾವೇ ಬೆಂಕಿ ಹಚ್ಚಿ ನಡುಕೋಟೆಗೆ ಹಿಂದೆ ಸರಿದರು.

ನಡುಕೋಟೆಯ ಅಂಚಿನಲ್ಲಿ ಜಾನ್ ಹೊಸದಾಗಿ ಸೇರಿಸಿದ ಕಟ್ಟಡವೊಂದಿತ್ತು. ಮೇಲೆ ಪ್ರಾರ್ಥನಾಮಂದಿರ, ಕೆಳಗೆ ಕಕ್ಕಸು. ಇದು ಧರ್ಮಕ್ಕೆ ಒಪ್ಪುವಂಥದ್ದಲ್ಲ ಎಂದು ಗಿಯೋಮ್ ಮೂಗು ಮುರಿಯುತ್ತಾನೆ. ಅದಕ್ಕೆ ಹೊರಗೋಡೆಯಲ್ಲಿ ಒಂದು ಕಿಟಕಿ, ಸರಳಿಲ್ಲ. ‘ಬೋಜಿ’ ಎಂಬ ಅಡ್ಡಹೆಸರಿನ ಸಿಪಾಯಿ, ಅಂದರೆ ಮೊಂಡುಮೂಗಿನವನು, ಗೆಳೆಯನ ಹೆಗಲ ಮೇಲೆ ನಿಂತು ಅದರೊಳಗೆ ತೂರಿ ಹಗ್ಗ ಇಳಿಬಿಟ್ಟ. ಕಕ್ಕಸಿನ ಕೊಳವೆಯ ಕಥೆ ಹುಟ್ಟಿದ್ದು ಇಲ್ಲಿಂದ. ಪ್ರಾರ್ಥನಾಮಂದಿರದ ಕಿಟಕಿ ಎಂಬುದೇ ಸರಿಯೆಂದು ಇಂದು ಹೆಚ್ಚಿನವರ ಒಲವು. ಒಳಗೆ ಸೇರಿದ ಬೆರಳೆಣಿಕೆಯ ಜನ ದೊಡ್ಡ ಗದ್ದಲ ಎಬ್ಬಿಸಿದರು. ದಂಡೇ ನುಗ್ಗಿತೆಂದು ತಿಳಿದ ಕಾವಲಿನವರು ಕಟ್ಟಡಕ್ಕೆ ಬೆಂಕಿ ಕೊಟ್ಟರು. ಗಾಳಿ ತಿರುಗಿ ಹೊಗೆ, ಉರಿ ಅವರ ಮೇಲೇ ಬಂತು. ಅವರು ಒಳಕೋಟೆಗೆ ಓಡಿದರು, ಬೋಜಿ ಮತ್ತು ಜೊತೆಯವರು ಬದುಕಿ ಎತ್ತುಸೇತುವೆ ಇಳಿಸಿದರು. ಓಬವ್ವನ ಕಿಂಡಿಯ ಕಥೆ ಕೇಳಿ ಬೆಳೆದವರಿಗೆ ವ್ಯತ್ಯಾಸ ಹೊಳೆಯದೆ ಇರದು: ಕಿಂಡಿ ಎರಡೂ ಕಡೆ ಇತ್ತು, ಅದರ ಬಾಯಲ್ಲಿ ಇಲ್ಲಿ ಯಾರೂ ನಿಂತಿರಲಿಲ್ಲ.

ಒಳಕೋಟೆಯ ಕಂದಕ ದಾಟಲು ಮರದ ಸೇತುವೆಯಿರಲಿಲ್ಲ. ಕಂದಕ ತೋಡುವಾಗ ಬಾಗಿಲ ಎದುರು ಬಂಡೆಯನ್ನೇ ಸೇತುವೆಯಾಗಿ ಉಳಿಸಿದ್ದರು. ಸುಡಲು ಬಾರದು, ಎತ್ತಲು ಬಾರದು. ಗಟ್ಟಿ ಎಂದುಕೊಂಡದ್ದೇ ಮುಳುವಾಯಿತು. ಫ್ರೆಂಚರು ‘ಬೆಕ್ಕು’ ಎಂದು ಕರೆಯುವ, ಗಾಲಿಯ ಮೇಲಿನ ಮರದ ಚಪ್ಪರವನ್ನು ಅದರ ಮೇಲೆ ತಳ್ಳಿಕೊಂಡು ಹೋಗಿ, ಅದರ ಮರೆಯಲ್ಲಿ ಗೋಡೆಯ ಬುಡ ಕೊರೆದರು. ಒಳಗಿನವರು ಎದುರು ಸುರಂಗ ತೋಡಿ ಅವರನ್ನು ಅಟ್ಟಿದರು. ಆದರೆ ಎರಡೂ ಕಡೆಯಿಂದ ಕೊರೆದ ಗೋಡೆಯಲ್ಲಿ ಏನು ಉಳಿದೀತು? ಕಾಬುಲುಸ್ ಎಂಬ ದೊಡ್ಡ ಕವಣೆಯಂತ್ರದ ಕೆಲವು ಪೆಟ್ಟಿಗೆ ಅದು ಬಿರುಕುಬಿಟ್ಟು ಬಿತ್ತು. 1204ರ ಮಾರ್ಚ್ 6. ಒಳಗೆ ಉಳಿದಿದ್ದವರು ಒಂದೂವರೆ ನೂರರಷ್ಟು. ಅಷ್ಟು ಖರ್ಚಿನ ನಡುಬುರುಜಿನೊಳಗೆ ಹೊಕ್ಕು ಬಾಗಿಲು ಹಾಕಿಕೊಳ್ಳಲು ಅವರಿಗೆ ಸಮಯವೇ ಸಿಗಲಿಲ್ಲ.

ಹಾಗಾದರೆ ಕೋಟೆಯ ವಿನ್ಯಾಸವೇ ತಪ್ಪೇ?

ತಪ್ಪುಗಳಿದ್ದವು: ಬಂಡೆಯ ಸೇತುವೆ, ಆಮೇಲೆ ಸೇರಿಸಿದ ಕಟ್ಟಡದ ಕಿಟಕಿ. ಹಿಂದಿನ ಕೋಟೆಯಿಂದ ಮುಂದಿನದಕ್ಕೆ ನೆರವಿನ ಬಾಣ ತಲುಪದಷ್ಟು ಅವು ಬೇರೆಬೇರೆ ಆಗಿದ್ದವು ಎಂಬ ಆಕ್ಷೇಪವೂ ಇದೆ. ಆದರೂ ಚಳಿಗಾಲವಿಡೀ ದೊರೆಯೊಬ್ಬನ ದಂಡನ್ನು ಹಿಡಿದು ನಿಲ್ಲಿಸಿದ ಕೋಟೆಯನ್ನು ಕೆಟ್ಟದ್ದು ಎನ್ನಲಾಗದು. ಕೋಟೆ ಎಂದರೆ ಸಮಯ ಕೊಳ್ಳುವ ಯಂತ್ರ. ಗೋಡೆ ಸಮಯ ಗಳಿಸಿಕೊಟ್ಟಾಗ ಹೊರಗಿನಿಂದ ಸೈನ್ಯ ಬರಬೇಕು. ಬರಬೇಕಾಗಿದ್ದ ಜಾನ್ 1203ರ ಡಿಸೆಂಬರ್‌ನಲ್ಲಿ ನಾರ್ಮಂಡಿ ಬಿಟ್ಟು ಇಂಗ್ಲೆಂಡಿಗೆ ಹಡಗು ಹತ್ತಿದ್ದ. ಆಂದ್ಲಿ ಬಿದ್ದ ಮೇಲೆ ರುವಾನ್ ಉಳಿಯಲಿಲ್ಲ, ಜೂನ್ 24ರಂದು ಶರಣಾಯಿತು. ವಿನ್ಯಾಸದ ತಪ್ಪು ಹುಡುಕಿ ಪುಟ ತುಂಬಿಸುವವರು ಈ ಹಡಗಿನ ಪ್ರಯಾಣಕ್ಕೆ ಇನ್ನಷ್ಟು ಜಾಗ ಕೊಡಬೇಕು.

1204ರ ನಂತರ ಕೋಟೆ ಏನಾಯಿತು?

ಫ್ರೆಂಚ್ ದೊರೆಗಳು ದುರಸ್ತಿ ಮಾಡಿ ಇಟ್ಟುಕೊಂಡರು. 1314ರಲ್ಲಿ ವ್ಯಭಿಚಾರದ ಆರೋಪ ಹೊತ್ತ ಇಬ್ಬರು ರಾಜಸೊಸೆಯರು, ಬರ್ಗಂಡಿಯ ಮಾರ್ಗರೆಟ್ ಮತ್ತು ಬ್ಲಾಂಶ್, ಇಲ್ಲಿ ಸೆರೆಯಾದರು. ಮಾರ್ಗರೆಟ್ ಮರುವರ್ಷ ಇಲ್ಲೇ ಸತ್ತಳು. ಅಷ್ಟರಲ್ಲಿ ಅವಳ ಗಂಡ ಪಟ್ಟಕ್ಕೆ ಬಂದಿದ್ದರಿಂದ ಸಾಯುವಾಗ ಅವಳು ಫ್ರಾನ್ಸಿನ ರಾಣಿ. 1334ರಿಂದ 1341ರವರೆಗೆ ಸ್ಕಾಟ್ಲೆಂಡಿನ ಬಾಲರಾಜ ಎರಡನೆಯ ಡೇವಿಡ್ ಆಶ್ರಯ ಪಡೆದು ಇಲ್ಲಿದ್ದ.

ಇಂಗ್ಲೆಂಡ್ ಮತ್ತು ಫ್ರಾನ್ಸ್ ನಡುವಿನ ನೂರು ವರ್ಷಗಳ ಯುದ್ಧದಲ್ಲಿ ಕೋಟೆ ಹಲವು ಸಲ ಕೈ ಬದಲಾಯಿಸಿತು. 1419ರ ಸೋಲು ಹೇಳುವಂಥದ್ದು. ಒಳಗಿದ್ದ ಫ್ರೆಂಚರು ಸುಮಾರು ಒಂದು ವರ್ಷ ಇಂಗ್ಲಿಷರ ಮುತ್ತಿಗೆ ತಡೆದರು. ಗೋಡೆ ಗಟ್ಟಿ, ಬಾವಿಯಲ್ಲಿ ನೀರೂ ಇತ್ತು, ಆದರೆ ಅಷ್ಟು ಆಳದಿಂದ ಸೇದುವ ಹಗ್ಗಗಳು ಸವೆದು ತುಂಡಾದವು. ಹೊಸ ಹಗ್ಗಕ್ಕೆ ಗತಿಯಿಲ್ಲದೆ ಬಾಗಿಲು ತೆರೆದರು. ಕೊನೆಯದಾಗಿ 1449ರಲ್ಲಿ ಫ್ರೆಂಚರ ವಶವಾಯಿತು.

ಈಗಿನಂತೆ ಹಾಳಾದದ್ದು ಯುದ್ಧದಿಂದಲೇ?

ಅಲ್ಲ, ಹಾರೆಯಿಂದ. 16ನೆಯ ಶತಮಾನದ ಕೊನೆಗೆ ಕೋಟೆ ಖಾಲಿ ಬಿದ್ದಿತ್ತು. ಬಂಡುಕೋರರು ಸೇರಿಕೊಂಡಾರೆಂದು ನಾರ್ಮಂಡಿಯ ಪ್ರತಿನಿಧಿಗಳು ದೊರೆಗೆ ಮೊರೆಯಿಟ್ಟರು. 1599ರಲ್ಲಿ ಫ್ರಾನ್ಸಿನ ದೊರೆ ನಾಲ್ಕನೆಯ ಹೆನ್ರಿ ಕೆಡವಲು ಅಪ್ಪಣೆ ಕೊಟ್ಟ. ಊರಿನ ಸಂನ್ಯಾಸಿಗಳು ತಮ್ಮ ಮಠಗಳಿಗೆ ಕಲ್ಲು ಒಯ್ದರು. ಗೋಡೆಗಳ ಬಳಿ ನಿಂತು ನೋಡಿದರೆ ಇದು ಅರ್ಥವಾಗುತ್ತದೆ. ಚೊಕ್ಕವಾಗಿ ಕಡಿದ ಹೊದಿಕೆಯ ಕಲ್ಲಿಗೆ ಬೆಲೆ ಇತ್ತು, ಕೈಗೆಟಕುವ ಎತ್ತರದಲ್ಲಿ ಅದನ್ನೇ ಕಿತ್ತಿದ್ದಾರೆ. ಒಳಗಿನ ಚಕಮಕಿ ಚೂರು, ಗಾರೆಯ ತುಂಬು ಮಾತ್ರ ಉಳಿದಿದೆ. ಹೊದಿಕೆ ಹೋದ ತುಂಬಿಗೆ ಮಳೆನೀರು ಇಳಿದು, ಚಳಿಯಲ್ಲಿ ಹೆಪ್ಪುಗಟ್ಟಿ ಹಿಗ್ಗಿ, ಗಾರೆಯನ್ನು ಸಡಿಲಿಸುತ್ತದೆ. ಉಳಿದ ಹಾಳು ಕೆಲಸ ಅದು ಮಾಡಿತು. 1862ರಿಂದ ಕಾನೂನಿನ ರಕ್ಷಣೆಯಿದೆ.

ನೋಡಲು ಹೋಗುವುದು ಹೇಗೆ? ಎಷ್ಟು ಹೊತ್ತು ಬೇಕು?

ಪ್ಯಾರಿಸ್‌ನ ಸೇಂ ಲಜಾರ್ ನಿಲ್ದಾಣದಿಂದ ರುವಾನ್ ಮಾರ್ಗದ ರೈಲು ಹತ್ತಿ ಗಯ್ಯೋನ್-ಓಬ್ವಾದಲ್ಲಿ ಇಳಿಯಿರಿ. ಅಲ್ಲಿಂದ ಟ್ಯಾಕ್ಸಿ. ಆಂದ್ಲಿಗೇ ರೈಲು ಹೋಗುವುದಿಲ್ಲ. ವಾಪಸು ಬರುವ ಟ್ಯಾಕ್ಸಿಯನ್ನು ಇಳಿಯುವಾಗಲೇ ಗೊತ್ತುಮಾಡಿಕೊಳ್ಳಿ, ಊರು ಸಂಜೆಗೆ ಬೇಗ ಮಲಗುತ್ತದೆ. ಪೆತಿ ಆಂದ್ಲಿಯಿಂದ ಕಾಲುದಾರಿಯಲ್ಲಿ ಹತ್ತಲು ಅರ್ಧ ಗಂಟೆ. ಮಳೆ ಬಿದ್ದ ದಿನ ಬಿಳಿಕಲ್ಲಿನ ದಾರಿ ಸಾಬೂನಿನಂತೆ ಜಾರುತ್ತದೆ, ಹಿಡಿತವಿರುವ ಬೂಟು ಬೇಕು. ಕೋಟೆಯ ಸುತ್ತಲಿನ ದಿಬ್ಬದಲ್ಲಿ ವರ್ಷವಿಡೀ ಓಡಾಡಬಹುದು. ಒಳಕೋಟೆಗೆ ಟಿಕೆಟ್ ಇದೆ, ಚಳಿಗಾಲದಲ್ಲಿ ಮುಚ್ಚಿರುತ್ತದೆ. ದಿನ, ವೇಳೆಯನ್ನು ಊರಿನ ಪ್ರವಾಸಿ ಕಚೇರಿಯಲ್ಲಿ ಮೊದಲೇ ವಿಚಾರಿಸಿ. ಎರಡೂವರೆ ಗಂಟೆ ಇಟ್ಟುಕೊಂಡರೆ ಅವಸರವಾಗದು.

ನೇರವಾಗಿ ನಡುಬುರುಜಿಗೆ ಓಡುವುದು ಎಲ್ಲರೂ ಮಾಡುವ ತಪ್ಪು. ಮೊದಲು ಆಗ್ನೇಯದ ಎತ್ತರಕ್ಕೆ ಹೋಗಿ. ಕೋಟೆ, ನದಿಯ ಬಳಸು, ನಡುಗಡ್ಡೆ, ಪೇಟೆ ಎಲ್ಲ ಒಂದೇ ನೋಟಕ್ಕೆ ಸಿಗುತ್ತವೆ. ಫೋಟೊ ತೆಗೆಯುವವರೆಲ್ಲ ನಿಲ್ಲುವ ಜಾಗ. ಅಲ್ಲಿಂದ ಹೊರಕೋಟೆಯ ಮೂತಿಯ ಬುರುಜಿಗೆ ಇಳಿದು, ಕಂದಕದ ಅಂಚಿನಲ್ಲಿ ನಿಂತು ಆಚೆ ಬದಿಯ ಎತ್ತರ ಅಳೆದು ನೋಡಿ, ಏಣಿ ಎಷ್ಟು ಗಿಡ್ಡವಾಗಿರಬಹುದೆಂದು ಕಣ್ಣಂದಾಜು ಸಿಗುತ್ತದೆ. ಆಮೇಲೆ ನಡುಕೋಟೆ, ಬಂಡೆಯ ಸೇತುವೆ, ಒಳಕೋ­ಟೆಯ ಅಲೆಗೋಡೆ, ಕೊನೆಗೆ ನಡುಬುರುಜು. ಫಿಲಿಪ್‌ನ ಸಿಪಾಯಿಗಳು ಬಂದದ್ದೂ ಇದೇ ಕ್ರಮದಲ್ಲಿ.